ಮಾಯಾಗವಿ: ಕೊಲ್ಹಾಪುರ ಸೀಮೆಯ ಕಲ್ಲು ಮತ್ತು ಕತೆ

ಮಾಯಾಗವಿ: ಒಳಹೊಕ್ಕವರ ಪಾಲಿಗೆ ಕಾಲ, ದಿಕ್ಕು, ಅಳತೆ ಯಾವುದೂ ಮೊದಲಿನಂತೆ ಉಳಿಯದ ಗುಹೆ. ಪುರಾಣ, ಶರಣರ ಚರಿತ್ರೆ, ಜನಪದ ಕಥನಗಳಿಂದ ಹಿಡಿದು ಈಚಿನ ಸಿನಿಮಾ, ಕಂಪ್ಯೂಟರ್ ಆಟಗಳವರೆಗೆ ಇಂಥ ಗುಹೆ ಮತ್ತೆ ಮತ್ತೆ ಎದುರಾಗುತ್ತದೆ. ಅದರ ಲಕ್ಷಣಗಳೂ ಹೆಚ್ಚುಕಡಿಮೆ ಒಂದೇ. ಬಾಯಿ ಚಿಕ್ಕದು, ಒಡಲು ದೊಡ್ಡದು. ಹೊರಗೆ ಗಳಿಗೆ ಕಳೆಯುವಷ್ಟರಲ್ಲಿ ಒಳಗೆ ತಿಂಗಳು ಸರಿದಿರುತ್ತದೆ, ಅಥವಾ ಅದರ ತಿರುವುಮುರುವು. ಹೋದ ದಾರಿಯಲ್ಲೇ ಹಿಂದಿರುಗಿದವನು ಬೇರೆಲ್ಲೋ ತೇಲುತ್ತಾನೆ. ದಕ್ಷಿಣ ಮಹಾರಾಷ್ಟ್ರದ ಕೊಲ್ಹಾಪುರ, ಇಚಲಕರಂಜಿ, ಗಡಹಿಂಗ್ಲಜ ಸೀಮೆಯಲ್ಲಿ, ಅಂದರೆ ಮರಾಠಿಯ ಜೊತೆಗೆ ಕನ್ನಡವೂ ಮನೆಮಾತಾಗಿರುವ ಈ ಗಡಿನೆಲದಲ್ಲಿ, ಇಂಥ ಕತೆಗಳಿಗೆ ಬರವಿಲ್ಲ. ಸೋಜಿಗವೆಂದರೆ ಇಲ್ಲಿನ ಬಂಡೆ ಆಳದ ಗುಹೆಗೆ ಒಗ್ಗುವ ಬಂಡೆಯೇ ಅಲ್ಲ. ಕಲ್ಲು ಎಲ್ಲಿ ಮುಗಿಯಿತೋ ಅಲ್ಲಿಂದ ಮುಂದಕ್ಕೆ ಜನ ಕತೆಯನ್ನು ಕೊರೆದಿದ್ದಾರೆ.

ಬಂಡೆಯ ಗುಣ

ಉದ್ದದ ಗುಹೆಗಳು ಸಾಮಾನ್ಯವಾಗಿ ಸುಣ್ಣಕಲ್ಲಿನಲ್ಲಿ ಹುಟ್ಟುತ್ತವೆ. ಮಳೆನೀರು ಗಾಳಿಯ ಮತ್ತು ಮಣ್ಣಿನ ಇಂಗಾಲದ ಡೈಆಕ್ಸೈಡನ್ನು ಹೀರಿ ತುಸು ಹುಳಿಯಾಗುತ್ತದೆ. ಆ ನೀರು ಬಿರುಕುಗಳಲ್ಲಿ ಇಳಿದು ಸುಣ್ಣಕಲ್ಲನ್ನು ಕರಗಿಸುತ್ತ ಸಾವಿರಾರು ವರ್ಷಗಳಲ್ಲಿ ಕೊಳವೆ, ಕೋಣೆ, ಹಜಾರಗಳನ್ನು ಮಾಡುತ್ತದೆ. ಆಂಧ್ರದ ಬೇಲಂ ಗುಹೆ ಮೂರು ಕಿಲೋಮೀಟರಿಗಿಂತ ಉದ್ದವಿದೆ. ಮೇಘಾಲಯದ ಕ್ರೆಮ್ ಲಿಯಾಟ್ ಪ್ರಾಹ್ ಮೂವತ್ತು ಕಿಲೋಮೀಟರನ್ನೂ ಮೀರಿದೆ. ಎರಡೂ ಸುಣ್ಣಕಲ್ಲಿನವು.

ಕೊಲ್ಹಾಪುರದ್ದು ಬೇರೆ ಜಾತಕ. ಇಲ್ಲಿ ನೆಲದಡಿ ಹಾಸಿರುವುದು ಸುಮಾರು 6.6 ಕೋಟಿ ವರ್ಷಗಳ ಹಿಂದೆ ಲಾವಾ ಹರಿದು ಹೆಪ್ಪುಗಟ್ಟಿದ ದಖನ್ ಕಪ್ಪುಶಿಲೆ. ಪದರದ ಮೇಲೆ ಪದರ ಕೂತಿರುವುದರಿಂದ ಬೆಟ್ಟದ ಪಕ್ಕೆಗಳು ಮೆಟ್ಟಿಲು ಮೆಟ್ಟಿಲಾಗಿ ಕಾಣುತ್ತವೆ. ಪನ್ಹಾಳ, ಮಸಾಯಿ ಪಠಾರಗಳ ನೆತ್ತಿಯ ಮೇಲೆ ಜಂಬಿಟ್ಟಿಗೆಯ ಗಟ್ಟಿ ಟೋಪಿ. ಕಪ್ಪುಶಿಲೆ ನೀರಿಗೆ ಕರಗುವುದಿಲ್ಲ. ಎರಡು ಲಾವಾ ಪದರಗಳ ನಡುವೆ ಮೆತ್ತಗಿನ ಕೆಂಪುಮಣ್ಣಿನ ಪಟ್ಟಿ ಸಿಕ್ಕಿದ ಕಡೆ ಅದು ಸವೆದು ಬಂಡೆಯಡಿ ತಗ್ಗುಗವಿ ಆಗಬಹುದು. ಜಂಬಿಟ್ಟಿಗೆಯ ಕೆಳಗಿನ ಜೇಡಿ ಕೊಚ್ಚಿಹೋದರೆ ತೆವಳುವಷ್ಟು ಪೊಳ್ಳಾಗಬಹುದು. ಹೆಚ್ಚಿನ ಕಡೆ ಅಷ್ಟೇ. ಇನ್ನುಳಿದವೆಲ್ಲ ಮನುಷ್ಯ ಉಳಿಯಿಂದ ಕಡಿದವು.

ಕಪ್ಪುಶಿಲೆಗೆ ಇನ್ನೊಂದು ಸ್ವಭಾವವಿದೆ. ಲಾವಾದೊಳಗಿನ ಅನಿಲ ಗುಳ್ಳೆಗಳಾಗಿ ಸಿಕ್ಕಿಕೊಂಡ ಪದರಗಳು, ತಣ್ಣಗಾಗುವಾಗ ಸೀಳಿದ ಪದರಗಳು ನೀರನ್ನು ಹಿಡಿದಿಟ್ಟು ತಿಂಗಳುಗಟ್ಟಲೆ ನಿಧಾನಕ್ಕೆ ಬಿಡುತ್ತವೆ. ಮೇಲೆ ಬಿಸಿಲು ಸುಡುತ್ತಿದ್ದರೂ ಗುಹೆಯ ಮಾಡಿನಿಂದ ಹನಿ ತೊಟ್ಟಿಕ್ಕುವುದು ಇದರಿಂದ. ಈ ಸೀಮೆಯಲ್ಲಿ ಗವಿ ಇದ್ದಲ್ಲಿ ಲಿಂಗ, ಲಿಂಗ ಇದ್ದಲ್ಲಿ ಹನಿ ಎನ್ನುವಂತಾಗಿರುವುದರ ಅರ್ಧ ಕಾರಣ ಭಕ್ತಿಯದು, ಉಳಿದರ್ಧ ಬಂಡೆಯದು.

ಋಕ್ಷಬಿಲ: ಕಣ್ಣು ಮುಚ್ಚಿ ಹೊರಬಂದ ಗುಹೆ

ಭಾರತೀಯ ಕಥಾಪರಂಪರೆಯಲ್ಲಿ ಮಾಯಾಗವಿಯ ಪೂರ್ಣ ಮಾದರಿ ಸಿಗುವುದು ವಾಲ್ಮೀಕಿಯ ಕಿಷ್ಕಿಂಧಾಕಾಂಡದಲ್ಲಿ. ಸೀತೆಯನ್ನು ಹುಡುಕಲು ದಕ್ಷಿಣಕ್ಕೆ ಹೊರಟ ಹನುಮಂತ, ಅಂಗದ, ಜಾಂಬವರ ದಂಡು ಬಾಯಾರಿ ಬಸವಳಿದಾಗ ಋಕ್ಷಬಿಲವೆಂಬ ಗುಹೆಯ ಬಾಯಿಂದ ಹಂಸ, ಕ್ರೌಂಚ, ಚಕ್ರವಾಕಗಳು ಹಾರಿಬರುತ್ತವೆ. ಅವುಗಳ ರೆಕ್ಕೆ ಒದ್ದೆ, ಮೈಗೆ ತಾವರೆಯ ಕೆಂಪು ಪರಾಗ. ಒಳಗೆ ನೀರಿದೆ ಎಂದು ಹನುಮಂತ ಊಹಿಸುತ್ತಾನೆ. ಊಹೆ ನೀರಿನ ಮಟ್ಟಿಗೆ ಸರಿ. ಕಪಿಗಳು ಒಬ್ಬರನ್ನೊಬ್ಬರು ಹಿಡಿದುಕೊಂಡು ಯೋಜನದಷ್ಟು ದೂರ ಕತ್ತಲಲ್ಲಿ ತಡವರಿಸಿದ ಮೇಲೆ ಬೆಳಕು ತೆರೆಯುತ್ತದೆ: ಚಿನ್ನದ ಮರಗಳು, ಚಿನ್ನದ ಮೀನಾಡುವ ಕೊಳಗಳು, ಏಳಂತಸ್ತಿನ ಮನೆಗಳು. ಅದನ್ನು ಕಟ್ಟಿದವನು ದಾನವಶಿಲ್ಪಿ ಮಯ. ಆ ಮೇಲೆ ಅದು ಹೇಮೆಯೆಂಬ ಅಪ್ಸರೆಯ ಪಾಲಾಯಿತು. ಕಾಯುತ್ತಿರುವವಳು ಮೇರುಸಾವರ್ಣಿಯ ಮಗಳು, ತಪಸ್ವಿನಿ ಸ್ವಯಂಪ್ರಭೆ.

ಕತೆಯ ನಿಜವಾದ ಪೆಟ್ಟು ಇರುವುದು ಚಿನ್ನದಲ್ಲಲ್ಲ, ಲೆಕ್ಕದಲ್ಲಿ. ಸುಗ್ರೀವ ಕೊಟ್ಟಿದ್ದ ಒಂದು ತಿಂಗಳ ಗಡುವು ಒಳಗಿದ್ದಾಗಲೇ ಮುಗಿದುಹೋಗಿರುತ್ತದೆ. ಬಿಲ ಹೊಕ್ಕವರು ಜೀವಂತ ಹೊರಬರುವುದು ಕಷ್ಟ ಎಂದು ಹೇಳಿದ ಸ್ವಯಂಪ್ರಭೆಯೇ ದಾರಿಯನ್ನೂ ತೋರುತ್ತಾಳೆ: ಕಣ್ಣು ಮುಚ್ಚಿಕೊಳ್ಳಿ. ಕಪಿಗಳು ಬೆರಳುಗಳಿಂದ ಕಣ್ಣು ಮುಚ್ಚಿ ತೆರೆಯುವಷ್ಟರಲ್ಲಿ ಎದುರಿಗೆ ವಿಂಧ್ಯದ ತಪ್ಪಲು, ಆಚೆ ಕಡಲು. ಬಂದ ದಾರಿ ಎಲ್ಲೂ ಇಲ್ಲ. ಮುಂದೆ ಅಂಗದ ಅನ್ನನೀರು ಬಿಟ್ಟು ಸಾಯಲು ಕೂರುವುದು, ಸಂಪಾತಿ ಸಿಗುವುದು, ಲಂಕೆಯ ಸುಳಿವು ತಿಳಿಯುವುದು ಎಲ್ಲವೂ ಈ ಕಳೆದುಹೋದ ತಿಂಗಳಿನ ಫಲ. ಗುಹೆಯ ಪ್ರಸಂಗವನ್ನು ತೆಗೆದುಹಾಕಿದರೆ ರಾಮಾಯಣದ ಓಟವೇ ತಪ್ಪುತ್ತದೆ.

ಅದೇ ಕಾಂಡದಲ್ಲಿ ಇನ್ನೊಂದು ಬಿಲವಿದೆ. ಮಾಯಾವಿಯೆಂಬ ಅಸುರನನ್ನು ಅಟ್ಟಿಕೊಂಡು ವಾಲಿ ಒಳಗೆ ಹೋಗುತ್ತಾನೆ. ಸುಗ್ರೀವ ವರ್ಷವಿಡೀ ಬಾಗಿಲಲ್ಲಿ ಕಾಯುತ್ತಾನೆ. ನೊರೆರಕ್ತ ಹರಿದುಬಂದದ್ದನ್ನು ಕಂಡು ಅಣ್ಣ ಸತ್ತನೆಂದು ಬಗೆದು ಬಂಡೆಯಿಂದ ಬಾಗಿಲು ಮುಚ್ಚಿ ಊರಿಗೆ ಮರಳುತ್ತಾನೆ. ಒಳಗಿನದು ಹೊರಗಿನವನಿಗೆ ಕಾಣದು, ಕೇಳಿದ್ದರ ಅರ್ಥ ತಿರುಚಿಕೊಳ್ಳುತ್ತದೆ, ಅದರಿಂದ ಇಬ್ಬರು ಅಣ್ಣತಮ್ಮಂದಿರ ಬಾಳು ಕೆಡುತ್ತದೆ. ತುಂಗಭದ್ರೆಯ ದಂಡೆಯ ಆನೆಗೊಂದಿಯಲ್ಲಿ ಇಂದಿಗೂ ವಾಲಿಯ ಗುಹೆಯೆಂದು ತೋರಿಸುವ ಜಾಗವಿದೆ. ಅದು ಬೆಣಚುಗಲ್ಲಿನ ಹೆಬ್ಬಂಡೆಗಳು ಒಂದರ ಮೇಲೊಂದು ಒರಗಿ ಆದ ಸಂದು.

ಭಾಗವತದ ರಾಜ ಮುಚುಕುಂದ ಗುಹೆಯೊಳಗೆ ಯುಗಗಳ ಕಾಲ ಮಲಗಿದ್ದು, ಎದ್ದು ಹೊರಬಂದಾಗ ಮನುಷ್ಯರು, ಪ್ರಾಣಿಗಳು, ಗಿಡಮರಗಳೆಲ್ಲ ಕುಳ್ಳಾಗಿರುವುದನ್ನು ನೋಡಿ ಕಲಿಗಾಲ ಬಂತೆಂದು ತಿಳಿಯುತ್ತಾನೆ. ಕ್ರೈಸ್ತರ ಎಫೆಸಸ್ ಊರಿನ ಏಳು ನಿದ್ರಾಳುಗಳ ಕತೆ, ಕುರಾನಿನ ಕಹಫ್ ಅಧ್ಯಾಯದ ಗುಹಾವಾಸಿಗಳ 309 ವರ್ಷದ ನಿದ್ದೆ ಇದೇ ಬಳಗದವು. ಸ್ಪೇನಿನ ಸೆರ್ವಾಂಟಿಸ್ 1615ರಲ್ಲಿ ಹೊರತಂದ ಡಾನ್ ಕಿಹೋಟೆಯ ಎರಡನೇ ಭಾಗದಲ್ಲಿ ಇದನ್ನು ತಲೆಕೆಳಗು ಮಾಡಿ ನಗಿಸಿದ. ಹಗ್ಗ ಕಟ್ಟಿಕೊಂಡು ಮಾಂಟೆಸಿನೋಸ್ ಗುಹೆಗೆ ಇಳಿದ ನಾಯಕ ಮೂರು ದಿನ ಒಳಗಿದ್ದೆ ಎನ್ನುತ್ತಾನೆ. ಮೇಲೆ ಹಗ್ಗ ಹಿಡಿದಿದ್ದವರ ಲೆಕ್ಕದಲ್ಲಿ ಅದು ತಾಸೊಂದರ ಮಾತು.

ಅಲ್ಲಮ ಮತ್ತು ಆಳತೆಯ ಗುಡ್ಡ

ಕನ್ನಡದ ಮಟ್ಟಿಗೆ ಗುಹೆಯ ಹೆಸರನ್ನೇ ದೇವರ ಹೆಸರಾಗಿ ಇಟ್ಟುಕೊಂಡ ಕವಿ ಅಲ್ಲಮಪ್ರಭು. ಹರಿಹರನ ರಗಳೆ ಹೇಳುವಂತೆ ಬಳ್ಳಿಗಾವೆಯ ಮದ್ದಳೆಗಾರ ಅಲ್ಲಮ ತನ್ನ ನಲ್ಲೆ ಕಮಲತೆ ಜ್ವರದಿಂದ ತೀರಿಕೊಂಡ ಮೇಲೆ ಮರುಳನಂತೆ ಅಲೆಯುತ್ತಾನೆ. ಒಂದು ತೋಟದಲ್ಲಿ ಕುಳಿತು ಕಾಲುಗುರಿನಿಂದ ಸುಮ್ಮನೆ ನೆಲ ಕೆರೆಯುತ್ತಿದ್ದಾಗ ಬಂಗಾರದ ಕಳಸದ ತುದಿ ಕಾಣುತ್ತದೆ. ಅಗೆಸಿದರೆ ನೆಲದಡಿ ಇಡೀ ಗುಡಿ. ಮುಚ್ಚಿದ ಬಾಗಿಲನ್ನು ಒದ್ದು ಒಳಹೋದರೆ ರೆಪ್ಪೆ ಬಡಿಯದೆ ಕುಳಿತ ಅನಿಮಿಷಯ್ಯ, ಅವನ ಅಂಗೈಯಲ್ಲಿ ಲಿಂಗ. ಲಿಂಗ ಅಲ್ಲಮನ ಕೈಗೆ ಬರುತ್ತಲೇ ಆ ಯೋಗಿಯ ಉಸಿರು ನಿಲ್ಲುತ್ತದೆ. ಒಳಗೆ ಹೋದವನು ವಿರಹಿ, ಹೊರಬಂದವನು ಗುಹೇಶ್ವರನ ಶರಣ.

ಇಲ್ಲಿ ಗುಹೆ ಚಿನ್ನದ ಪಟ್ಟಣವನ್ನು ತೋರಿಸುವುದಿಲ್ಲ, ಕಾಲವನ್ನೂ ಕದಿಯುವುದಿಲ್ಲ. ಕಾಲಡಿಯ ಗಟ್ಟಿನೆಲ ಒಂದು ಕಟ್ಟಡದ ನೆತ್ತಿ ಎಂದು ತಿಳಿದ ಕ್ಷಣವೇ ಲೋಕ ತಿರುಗಿಬೀಳುತ್ತದೆ. ವಾಲ್ಮೀಕಿಯ ಬಿಲಕ್ಕಿಂತ ಇದು ಹೆಚ್ಚು ದಿಗಿಲಿನದು ಎನ್ನಬೇಕು, ಏಕೆಂದರೆ ಇದಕ್ಕೆ ಕಾಡು ಹೊಗಬೇಕಿಲ್ಲ, ತೋಟದಲ್ಲಿ ಕೂತರೆ ಸಾಕು. 15ನೆಯ ಶತಮಾನದ ಚಾಮರಸ ತನ್ನ ಪ್ರಭುಲಿಂಗಲೀಲೆಯಲ್ಲಿ ಅಲ್ಲಮನ ಎದುರಿಗೆ ಮಾಯೆಯನ್ನೇ ಬನವಾಸಿಯ ದೊರೆ ಮಮಕಾರನ ಮಗಳಾಗಿ ತಂದು ನಿಲ್ಲಿಸಿದ. ಅದೇ ಕಾವ್ಯದಲ್ಲಿ ಯೋಗಿ ಗೋರಕ್ಷನ ಮೈಗೆ ತಾಗಿದ ಕತ್ತಿ ಖಣಿಲೆಂದರೆ, ಅಲ್ಲಮನ ಮೈಯನ್ನು ಕತ್ತಿ ಬಯಲನ್ನು ಹಾದಂತೆ ಹಾದುಹೋಗುತ್ತದೆ. ಈ ಕಾವ್ಯ ಮುಂದೆ ತೆಲುಗು, ತಮಿಳು, ಮರಾಠಿಗಳಿಗೂ ಹೋಯಿತು.

ಇಚಲಕರಂಜಿ ಸೇರಿರುವ ಹಾತಕಣಂಗಲೆ ತಾಲೂಕಿನ ಆಳತೆ ಎಂಬ ಊರಿನ ಗುಡ್ಡದ ಮೇಲೆ ಅಲ್ಲಮಪ್ರಭುವಿನ ಸ್ಥಾನವಿದೆ. ಅದೇ ಬೆಟ್ಟಸಾಲಿನಲ್ಲಿ ರಾಮಲಿಂಗದ ಗುಹಾದೇಗುಲ, ಧುಳೋಬಾನ ಗುಡಿ, ಜೈನರ ಕುಂಥುಗಿರಿ. ಪವರ್‌ಲೂಮುಗಳ ಸದ್ದಿನಲ್ಲಿ ಹಗಲಿರುಳು ಮುಳುಗಿರುವ ಇಚಲಕರಂಜಿಗೆ ಹತ್ತಿರದ ಏಕಾಂತ ಇದೇ. ರಾಮಲಿಂಗದ ಗರ್ಭಗುಡಿ ಬಂಡೆಯೊಳಗೆ ಇದೆ. ವನವಾಸದ ರಾಮ ಪೂಜಿಸಿದ ಲಿಂಗ ಎಂಬುದು ಸ್ಥಳದ ನಂಬಿಕೆ. ಮೇಲಿನ ಕಲ್ಲಿನಿಂದ ಜಿನುಗುವ ನೀರು ಲಿಂಗದ ಮೇಲೆಯೇ ಬೀಳುತ್ತದೆ. ಒಳಗೆ ಕಾಲಿಟ್ಟೊಡನೆ ಹೊರಗಿನ ಸೆಕೆ ಹೋಗಿ ತಂಪು ಹೊಡೆಯುತ್ತದೆ, ಕಣ್ಣು ಕತ್ತಲೆಗೆ ಹೊಂದುವವರೆಗೆ ಹನಿಯ ಸಪ್ಪಳ ಮಾತ್ರ ಕಿವಿಗೆ. ಹನಿ ಬೀಳುವುದು ಎಲ್ಲಿಂದ ಎಂದು ತಲೆಯೆತ್ತಿದರೆ ಹೊಳೆಯುವ ಕರಿಬಂಡೆಯ ಹೊರತು ಏನೂ ಕಾಣದು. ಗಂಗೆ ಎಲ್ಲಿಂದಲೋ ಬಂದಳು ಎಂದು ಹೇಳಲು ಇದಕ್ಕಿಂತ ಹೆಚ್ಚಿನ ಸಾಕ್ಷಿ ಭಕ್ತರಿಗೆ ಬೇಕಾಗುವುದಿಲ್ಲ.

ಕೊಲ್ಹಾಪುರವೇ ಕನ್ನಡ ಕಥನಗಳಲ್ಲಿ ಮಾಯೆಯ ಊರು. ಕುರುಬರ ಹಾಲುಮತದ ಹಾಡುಗಬ್ಬಗಳ ಪರಂಪರೆಯಲ್ಲಿ ಕೊಲ್ಲಾಪುರದ ಮಾಯವ್ವ ಸಿದ್ಧರನ್ನು ಸೋಲಿಸಿ ಸೆರೆಯಲ್ಲಿಟ್ಟವಳು. ರೇವಣಸಿದ್ಧ ಬಂದು ಅವಳನ್ನು ಗೆದ್ದು ಅವರನ್ನು ಬಿಡಿಸುತ್ತಾನೆ. ಹಾಡುವವರು ಬದಲಾದಂತೆ ವಿವರಗಳೂ ಬದಲಾಗುತ್ತವೆ. ಇದು ಯಾವುದೋ ದೂರದ ಊರಿನ ಬಗ್ಗೆ ಕಟ್ಟಿದ ಕತೆಯಲ್ಲ. ಶಿಲಾಹಾರರ ಕಾಲದ ಕೊಲ್ಹಾಪುರದಲ್ಲಿ ಕನ್ನಡ ಆಳ್ವಿಕೆಯ ಮಾತಾಗಿತ್ತು. ಮಹಾಲಕ್ಷ್ಮಿ ಗುಡಿಯಲ್ಲಿ, ಕೃಷ್ಣೆಯ ದಂಡೆಯ ಖಿದ್ರಾಪುರದ ಕೋಪೇಶ್ವರದಲ್ಲಿ ಕನ್ನಡ ಶಾಸನಗಳಿವೆ.

ಪನ್ಹಾಳ, ಮಸಾಯಿ, ಜೋತಿಬಾ

ಕೊಲ್ಹಾಪುರದ ವಾಯವ್ಯಕ್ಕೆ ಇರುವ ಪನ್ಹಾಳಕ್ಕೆ ಪನ್ನಗಾಲಯ, ಅಂದರೆ ಹಾವುಗಳ ಮನೆ, ಎಂಬ ಹಳೆಯ ಹೆಸರೂ ಉಂಟು. ಪರಾಶರ ಋಷಿ ತಪಸ್ಸು ಮಾಡಿದನೆಂದು ಹೇಳುವ ಗುಹೆ ಇಲ್ಲಿದೆ. 12ನೆಯ ಶತಮಾನದ ಕೊನೆಯಲ್ಲಿ ಶಿಲಾಹಾರ ಇಮ್ಮಡಿ ಭೋಜ ಇಲ್ಲಿ ಕೋಟೆ ಕಟ್ಟಿಸಿದ. ಮುಂದೆ ಬಿಜಾಪುರದ ಆದಿಲಶಾಹಿಗಳು ಅದನ್ನು ಬಲಪಡಿಸಿದರು.

ಜನ ಇಲ್ಲಿ ಸುರಂಗ ಎಂದು ಬೆರಳು ಮಾಡುವುದು ಬಹುಮಟ್ಟಿಗೆ ಅಂಧಾರ ಬಾವಿಯನ್ನು. ಹೊರಗಿನಿಂದ ನೋಡಿದರೆ ಕಮಾನುಗಳುಳ್ಳ ಸಾಧಾರಣ ಕಲ್ಲುಕಟ್ಟಡ. ಒಳಗೆ ಮೂರು ಅಂತಸ್ತು: ಕಾವಲುಗಾರರು ನಿಲ್ಲುವ ಮೇಲ್ಮನೆ, ನಡುವಿನ ಕೋಣೆಗಳು, ತೀರ ಕೆಳಗೆ ನೀರು. ಮುತ್ತಿಗೆ ಹಾಕಿದ ಶತ್ರು ಮೊದಲು ಕೈಯಿಡುವುದು ನೀರಿಗೆ, ಅದರಲ್ಲಿ ವಿಷ ಬೆರೆಸುವುದಕ್ಕೆ. ಹಾಗಾಗಿ ನೀರನ್ನೇ ಕಟ್ಟಡದೊಳಗೆ ಬಚ್ಚಿಟ್ಟರು. ಮೆಟ್ಟಿಲು ಇಳಿಯುತ್ತ ಬೆಳಕು ಅಂತಸ್ತು ಅಂತಸ್ತಾಗಿ ಕಡಿಮೆಯಾಗುತ್ತದೆ, ದಪ್ಪಗೋಡೆಯ ನಡುವಿನ ಕಂಡಿಯಿಂದ ಕೋಟೆಯ ಹೊರಮೈಯ ಹಸಿರು ಇಣುಕುತ್ತದೆ. ಈಗ ತಾನೆ ಕೆಳಕ್ಕಿಳಿದವರಿಗೆ ಬೆಟ್ಟದಂಚಿನ ಬಯಲು ಎದುರಾದರೆ ದಿಕ್ಕು ತಪ್ಪಿದಂತೆನಿಸುವುದು ಸಹಜ. ಕಟ್ಟಿದವರ ಉದ್ದೇಶವೂ ಪರಕೀಯನ ದಿಕ್ಕು ತಪ್ಪಿಸುವುದೇ ಆಗಿತ್ತು.

ಪನ್ಹಾಳದಾಚೆಯ ಮಸಾಯಿ ಪಠಾರದ ಅಂಚಿನಲ್ಲಿ ಪಾಂಡವದರಾ ಎಂದು ಕರೆಯುವ ಗುಹೆಗಳಿವೆ. ಹೆಸರು ಪಾಂಡವರದು, ಕಡಿಸಿದವರು ಬೌದ್ಧರು. ಜೋತಿಬಾ ದೇವರ ಬೆಟ್ಟದ ಬಳಿಯ ಪೋಹಾಳೆಯ ಗುಹೆಗಳೂ ಬೌದ್ಧ ವಿಹಾರ, ಚೈತ್ಯಗಳೇ. ಸಹ್ಯಾದ್ರಿಯ ಇಂಥ ವಿಹಾರಗಳ ನಕ್ಷೆ ಸರಳ. ನಡುವೆ ಹಜಾರ, ಸುತ್ತ ಒಬ್ಬೊಬ್ಬ ಭಿಕ್ಷು ಮಲಗುವಷ್ಟು ಕೋಣೆ. ಕೋಣೆಯಲ್ಲಿ ಕಲ್ಲಿನಲ್ಲೇ ಬಿಟ್ಟ ಜಗಲಿ, ಹೊಸ್ತಿಲಲ್ಲಿ ಬಾಗಿಲಗೂಟದ ಕುಳಿ. ಗೋಡೆಯನ್ನು ಬೆರಳಿಂದ ಸವರಿದರೆ ಉಳಿಯ ಗೀರುಗಳು ಓರೆಯಾಗಿ ಸಿಗುತ್ತವೆ. ಕಡಿಯುವ ಕೆಲಸ ಅರ್ಧಕ್ಕೆ ನಿಂತ ಕಡೆ ಗೋಡೆ ಇದ್ದಕ್ಕಿದ್ದಂತೆ ಒರಟಾಗಿಬಿಡುತ್ತದೆ.

ಮಾಯೆಯ ಕತೆ ಬೇರುಬಿಡುವುದು ಈ ಒರಟು ಗೋಡೆಯಲ್ಲಿ. ಕೆಲಸ ಯಾಕೆ ನಿಂತಿತು? ದಾನಿಯ ದುಡ್ಡು ಮುಗಿಯಿತು, ಕಲ್ಲು ಸೀಳಿತು, ಸಂಘ ಬೇರೆಡೆ ಹೋಯಿತು ಎಂಬ ಉತ್ತರಗಳಲ್ಲಿ ರುಚಿಯಿಲ್ಲ. ಪಾಂಡವರು ಒಂದೇ ರಾತ್ರಿಯಲ್ಲಿ ಕಡಿಯುತ್ತಿದ್ದರು, ಅಷ್ಟರಲ್ಲಿ ಕೋಳಿ ಕೂಗಿತು ಎಂಬುದು ದಖನ್ನಿನುದ್ದಕ್ಕೂ ಕೇಳಿಬರುವ ಉತ್ತರ. ಇನ್ನು ಕೆಲವರು ಅದನ್ನು ಗೋಡೆ ಎಂದೇ ಒಪ್ಪುವುದಿಲ್ಲ. ಅದು ಮುಚ್ಚಿದ ಬಾಗಿಲು, ಆಚೆಗೆ ದಾರಿಯಿದೆ, ಕಾಶಿಯವರೆಗೆ ಹೋಗುತ್ತದೆ, ಇಲ್ಲವೆ ಕೋಟೆಗೆ ಹೋಗುತ್ತದೆ ಎನ್ನುತ್ತಾರೆ. 1660ರ ಜುಲೈನ ಮಳೆರಾತ್ರಿ ಬಿಜಾಪುರದ ಸೇನಾನಿ ಸಿದ್ದಿ ಜೌಹರನ ಮುತ್ತಿಗೆಯಿಂದ ಪಾರಾಗಿ ಶಿವಾಜಿ ವಿಶಾಳಗಡದತ್ತ ಹೊರಟದ್ದು ಈ ಮಸಾಯಿಯ ಮೇಲಿಂದಲೇ. ನೆಲದ ಮೇಲೆ, ಕೆಸರಿನಲ್ಲಿ, ಶತ್ರುವಿನ ಕಣ್ಣು ತಪ್ಪಿಸಿ ನಡೆದ ಆ ಓಟ ಯಾವ ಸುರಂಗದ ಕತೆಗಿಂತಲೂ ಮೈನವಿರೇಳಿಸುವಂಥದ್ದು. ಆದರೂ ಕೋಟೆಯೆಂದರೆ ಗುಪ್ತಮಾರ್ಗ ಇರಲೇಬೇಕೆಂಬ ಹಟ ಜನರನ್ನು ಬಿಟ್ಟಿಲ್ಲ. ಬೆಂಗಳೂರಿನ ಗವಿಗಂಗಾಧರೇಶ್ವರದಿಂದ ಶಿವಗಂಗೆಗೆ ಸುರಂಗವಿದೆ ಎಂಬ ಮಾತಿನದೂ ಇದೇ ವಂಶ.

ಕೊಲ್ಹಾಪುರ ಜಿಲ್ಲೆಯ ಪಡುವಣ ತುದಿಯ ಗಗನಬಾವಡಾದಲ್ಲಿ ಗಗನಗಿರಿ ಮಹಾರಾಜರ ತಪಸ್ಸಿನ ಗುಹೆ ಇದೆ, ಅದೇ ತಾಲೂಕಿನ ಪಳಸಂಬೆಯಲ್ಲಿ ಹಳ್ಳದ ಬದಿಗೆ ಬಂಡೆಯಲ್ಲೇ ಕಡಿದ ಗುಡಿಗಳಿವೆ. ನಗರದ ಹೊರಗಿನ ಕಣೇರಿಯ ಸಿದ್ಧಗಿರಿ ಮಠದವರು ಗ್ರಾಮಜೀವನದ ಸಂಗ್ರಹಾಲಯ ಕಟ್ಟಿದಾಗ ಹೊಸದಾಗಿ ಒಂದು ಗುಹೆಯನ್ನೂ ಮಾಡಿ, ಅದರಲ್ಲಿ ಪ್ರಾಚೀನ ಋಷಿಗಳ ಪ್ರತಿಮೆಗಳನ್ನಿಟ್ಟರು. ಋಷಿಗೆ ಗುಹೆಯೇ ವಿಳಾಸ ಎಂಬ ಎಣಿಕೆ ಸಿಮೆಂಟಿನ ಕಾಲದಲ್ಲೂ ಸಡಿಲಾಗಿಲ್ಲ.

ಹಿರಣ್ಯಕೇಶಿಯ ಮೂಲ

ಗಡಹಿಂಗ್ಲಜದ ದಂಡೆ ಸವರಿ ಹರಿಯುವ ಹಿರಣ್ಯಕೇಶಿ ಹುಟ್ಟುವುದು ಸಹ್ಯಾದ್ರಿಯ ನೆತ್ತಿಯ ಆಂಬೋಲಿಯಲ್ಲಿ, ಸಿಂಧುದುರ್ಗ ಜಿಲ್ಲೆಯಲ್ಲಿ. ನದಿಯ ಮೂಲವೇ ಒಂದು ಗುಹೆ. ಮುಂದೆ ಮಹಾದೇವನ ಗುಡಿ, ಅದರೆದುರು ಕಲ್ಲುಕಟ್ಟೆಯ ಕೊಳ. ಕತ್ತಲೊಳಗಿಂದ ನೀರು ಹರಿದುಬಂದು ಕೊಳಕ್ಕೆ ಬೀಳುತ್ತದೆ. ಹಿರಣ್ಯಕೇಶಿ ಎಂಬುದು ಪಾರ್ವತಿಯ ಹೆಸರು ಎನ್ನುತ್ತಾರೆ. ಆಜರಾ, ಗಡಹಿಂಗ್ಲಜ ದಾಟಿ ಕರ್ನಾಟಕದ ಸಂಕೇಶ್ವರಕ್ಕೆ ಬರುವ ಈ ಹೊಳೆ ಮುಂದೆ ಘಟಪ್ರಭೆಯನ್ನು ಸೇರುತ್ತದೆ.

ಈ ಗುಹೆಯ ಬಾಯಲ್ಲಿ ನಿಂತರೆ ವಾಲ್ಮೀಕಿಯ ಒದ್ದೆ ರೆಕ್ಕೆಯ ಹಕ್ಕಿಗಳು ನೆನಪಿಗೆ ಬರುತ್ತವೆ: ಒಳಗೆ ಏನಿದೆ ಎಂಬುದಕ್ಕೆ ಹೊರಗೆ ಬಂದದ್ದೇ ಸುಳಿವು. ಇಲ್ಲಿ ಹೊರಬಂದದ್ದು ಹಕ್ಕಿಯಲ್ಲ, ಮೀನು. ಗುಡಿಯ ಕೊಳದಲ್ಲಿದ್ದ ಬೆರಳಿಗಿಂತ ಚಿಕ್ಕದಾದ, ಬಣ್ಣದ ಲೋಚ್ ಜಾತಿಯ ಮೀನೊಂದನ್ನು 2020ರಲ್ಲಿ ವಿಜ್ಞಾನಿಗಳು ಹೊಸ ಪ್ರಭೇದವೆಂದು ಗುರುತಿಸಿ ಷಿಸ್ಟುರಾ ಹಿರಣ್ಯಕೇಶಿ ಎಂದು ಹೆಸರಿಟ್ಟರು. ಶತಮಾನಗಳಿಂದ ಭಕ್ತರು ಕೈಕಾಲು ತೊಳೆದ ನೀರಿನಲ್ಲೇ ಲೋಕಕ್ಕೆ ಗೊತ್ತಿಲ್ಲದ ಜೀವ ಈಜುತ್ತಿತ್ತು. ಮರುವರ್ಷ, 2021ರಲ್ಲಿ, ಮಹಾರಾಷ್ಟ್ರ ಸರ್ಕಾರ ಆ ಎರಡು ಹೆಕ್ಟೇರಿನಷ್ಟು ಜಾಗವನ್ನು ಜೀವವೈವಿಧ್ಯ ಪಾರಂಪರಿಕ ತಾಣವೆಂದು ಘೋಷಿಸಿತು.

ಇದೇ ಹೊಳೆಯ ಸೀಮೆಯಲ್ಲಿ, ಗಡಹಿಂಗ್ಲಜದ ಬದಿಗೆ ಸಾಮಾನಗಡ. 1844ರಲ್ಲಿ ಗಡಕರಿಗಳೆಂಬ ಕಾವಲುಪಡೆಯವರು ಈಸ್ಟ್ ಇಂಡಿಯಾ ಕಂಪನಿಯ ವಿರುದ್ಧ ದಂಗೆಯೆದ್ದ ಕೋಟೆ ಇದು. ಇಲ್ಲಿ ನೋಡಬೇಕಾದದ್ದು ಏಳು ಕಮಾನಿನ ಬಾವಿ. ಜಂಬಿಟ್ಟಿಗೆಯನ್ನು ಸೀಳಿ ಇಳಿಯುವ ಮೆಟ್ಟಿಲುಗಳ ಮೇಲೆ ಒಂದರ ಹಿಂದೊಂದು ಕಮಾನು. ಮೇಲೆ ನಿಂತು ನೋಡಿದರೆ ಕಮಾನಿನೊಳಗೆ ಕಮಾನು ಕಿರಿದಾಗುತ್ತ ಹೋಗಿ ಕೊನೆಯದು ಎಲ್ಲಿದೆಯೆಂದು ಕಣ್ಣಿಗೆ ನಿಲುಕದು. ಇಳಿದು ಮುಟ್ಟಿದರೆ ನೀರು, ಅದರಾಚೆ ಕೆಂಪುಕಲ್ಲಿನ ಗೋಡೆ.

ಕನ್ನಡ ನಾಡಿನ ಬೇರೆ ಗವಿಗಳು

ಕತೆ ಹೇಳುವಂತೆ ತೆವಳಿಯೇ ಒಳಗೆ ಹೋಗಬೇಕಾದ ಗವಿ ಬೇಕೆಂದರೆ ದಕ್ಷಿಣ ಕನ್ನಡದ ನೆಲ್ಲಿತೀರ್ಥಕ್ಕೆ ಹೋಗಬೇಕು. ಸೋಮನಾಥೇಶ್ವರ ಗುಡಿಯ ಪಕ್ಕದ ಈ ಗವಿ ಸುಮಾರು 200 ಮೀಟರ್ ಉದ್ದ. ಕೆಲವೆಡೆ ಮಂಡಿಯೂರಿ, ಕೆಲವೆಡೆ ಹೊಟ್ಟೆ ಹೊಸೆದು ಸಾಗಿದರೆ ಒಳಗೆ ತಲೆಯೆತ್ತಿ ನಿಲ್ಲುವಷ್ಟು ಜಾಗ, ನೀರು, ಲಿಂಗ. ಜಾಬಾಲಿ ಮಹರ್ಷಿ ತಪಸ್ಸು ಮಾಡಿದ ಸ್ಥಳವೆಂದು ಪ್ರತೀತಿ. ವರ್ಷದ ಸುಮಾರು ಅರ್ಧ ಕಾಲ ಮಾತ್ರ ಒಳಗೆ ಬಿಡುತ್ತಾರೆ. ಬೀದರಿನ ಝರಣಿ ನರಸಿಂಹನನ್ನು ನೋಡಲು ಸೊಂಟಮಟ್ಟದ ನೀರಿನಲ್ಲಿ ಸುಮಾರು 300 ಮೀಟರ್ ನಡೆಯಬೇಕು, ನೆತ್ತಿಯ ಮೇಲೆ ಬಾವಲಿಗಳು. ದಾಂಡೇಲಿ ಕಾಡಿನ ಕವಳಾದಲ್ಲಿ ನಿಜವಾದ ಸುಣ್ಣಕಲ್ಲಿನ ಗುಹೆಯಿದ್ದು, ನೆಲದಿಂದ ಎದ್ದ ಸುಣ್ಣದ ಕಂಬವನ್ನೇ ಲಿಂಗವೆಂದು ಪೂಜಿಸುತ್ತಾರೆ. ಹನಿಯೊಂದು ಬಿಟ್ಟುಹೋದ ಸುಣ್ಣದ ಕಣ ಸೇರಿ ಸೇರಿ ಬೆಳೆದ ಕಂಬ ಅದು. ಸ್ವಯಂಭು ಎಂಬ ಮಾತಿಗೂ ಭೂವಿಜ್ಞಾನಕ್ಕೂ ಅಲ್ಲಿ ಜಗಳವೇ ಇಲ್ಲ.

ಕಾಸರಗೋಡು ಮತ್ತು ದಕ್ಷಿಣ ಕನ್ನಡದ ರೈತರ ಸುರಂಗಗಳು ಈ ಕಥಾಲೋಕಕ್ಕೆ ತಕ್ಕ ಉತ್ತರ. ಗುಡ್ಡದ ಮುರಕಲ್ಲಿಗೆ ಅಡ್ಡಲಾಗಿ, ಒಬ್ಬ ಬಗ್ಗಿ ನಡೆಯುವಷ್ಟು ಅಗಲಕ್ಕೆ ಪಿಕ್ಕಾಸಿಯಿಂದ ಕೊರೆದು ನೀರಿನ ಸೆಲೆ ಮುಟ್ಟುವ ಅಡ್ಡಬಾವಿಗಳಿವು. ಒಳಗೆ ಉಸಿರಾಡಲು ಗಾಳಿ ಇದೆಯೇ ಎಂದು ತಿಳಿಯಲು ದೀಪ ಹಚ್ಚಿಟ್ಟುಕೊಳ್ಳುತ್ತಾರೆ. ಜ್ವಾಲೆ ಕುಂದಿದರೆ ಹೊರಗೆ ಬರಬೇಕು. ಅಡ್ಯನಡ್ಕದ ಬಳಿಯ ಅಮೈ ಮಹಾಲಿಂಗ ನಾಯ್ಕರು ಕೂಲಿ ಮುಗಿಸಿ ಬಂದ ಮೇಲೆ ಒಬ್ಬರೇ ಕೊರೆಯುತ್ತ, ಸುರಂಗದ ಮೇಲೆ ಸುರಂಗ ಒಣಗಿಯೇ ಮುಗಿದರೂ ಬಿಡದೆ, ಕೊನೆಗೆ ನೀರು ಕಂಡರು. ಬೋಳುಗುಡ್ಡದಲ್ಲಿ ಅಡಕೆ, ತೆಂಗು ಎಬ್ಬಿಸಿದ ಅವರಿಗೆ 2022ರಲ್ಲಿ ಪದ್ಮಶ್ರೀ ಸಂದಿತು. ಗೋಡೆಯಾಚೆ ಏನೋ ಇದೆ ಎಂಬ ನಂಬಿಕೆ ನಿಜವಾದ ಅಪರೂಪದ ಪ್ರಸಂಗ.

ಕತ್ತಲಲ್ಲಿ ಕಾಲ

ಗುಹೆಯೊಳಗೆ ಕಾಲ ಬದಲಾಗುತ್ತದೆ ಎಂಬ ಮಾತನ್ನು ಪರೀಕ್ಷೆ ಮಾಡಿದವರೂ ಇದ್ದಾರೆ. ಫ್ರಾನ್ಸಿನ ಯುವ ಭೂವಿಜ್ಞಾನಿ ಮಿಶೆಲ್ ಸಿಫ್ರ್ 1962ರ ಜುಲೈ 16ರಂದು ಗಡಿಯಾರವಿಲ್ಲದೆ ಆಲ್ಪ್ಸ್ ಪರ್ವತದ ಸ್ಕರಸೋನ್ ಎಂಬ ಹಿಮಗುಹೆಗೆ ಇಳಿದ. ಮಲಗುವಾಗ, ಏಳುವಾಗ, ಉಣ್ಣುವಾಗ ಮೇಲಿನವರಿಗೆ ಫೋನ್ ಮಾಡುತ್ತಿದ್ದ. ಮೇಲಿನವರು ಅವನಿಗೆ ವೇಳೆ ಹೇಳುವಂತಿರಲಿಲ್ಲ. ಸೆಕೆಂಡಿಗೊಂದರಂತೆ 120ರವರೆಗೆ ಎಣಿಸು ಎಂದರೆ ಅವನು ಎಣಿಸಿ ಮುಗಿಸುವಷ್ಟರಲ್ಲಿ ಐದು ನಿಮಿಷ ಆಗಿತ್ತು. ಸೆಪ್ಟೆಂಬರ್ 14ರಂದು ಪ್ರಯೋಗ ಮುಗಿಯಿತೆಂದು ಹೇಳಿದಾಗ ಅವನ ಲೆಕ್ಕದಲ್ಲಿ ಅಂದು ಆಗಸ್ಟ್ 20. ಸುಗ್ರೀವನ ಗಡುವು ಮೀರಿದ ಕಪಿಗಳಂತೆ ಅವನೂ ಹೆಚ್ಚುಕಡಿಮೆ ಒಂದು ತಿಂಗಳನ್ನು ಒಳಗೇ ಕಳೆದುಕೊಂಡಿದ್ದ. ಮೈಯೊಳಗಿನ ನಿದ್ದೆ-ಎಚ್ಚರದ ಚಕ್ರ ಮಾತ್ರ ಇಪ್ಪತ್ತನಾಲ್ಕು ತಾಸಿನ ಆಸುಪಾಸಿನಲ್ಲೇ ಸುತ್ತುತ್ತಿತ್ತು. ದೇಹ ಲೆಕ್ಕ ತಪ್ಪಿರಲಿಲ್ಲ, ಮನಸ್ಸು ತಪ್ಪಿತ್ತು. ದೇಹದ ಗಡಿಯಾರವನ್ನು ಅಧ್ಯಯನ ಮಾಡುವ ಶಾಸ್ತ್ರಕ್ಕೆ ಇದು ದೊಡ್ಡ ಬಲ ಕೊಟ್ಟ ಪ್ರಯೋಗ.

ದಿಕ್ಕಿನದೂ ಹಾಗೆಯೇ. ಜರ್ಮನಿಯ ಟ್ಯೂಬಿಂಗನ್ನಿನ ಸಂಶೋಧಕರು 2009ರಲ್ಲಿ ಪ್ರಕಟಿಸಿದ ಅಧ್ಯಯನದಲ್ಲಿ, ಕಣ್ಣು ಕಟ್ಟಿ ನೇರ ನಡೆಯಿರಿ ಎಂದವರು ತಮಗೆ ಗೊತ್ತಿಲ್ಲದೆ ಸುತ್ತು ಹಾಕಿದರು. ಕೆಲವರ ಸುತ್ತಿನ ಅಡ್ಡಳತೆ 20 ಮೀಟರನ್ನೂ ಮೀರಲಿಲ್ಲ. ಸೂರ್ಯನೋ ದೂರದ ಗುಡ್ಡವೋ ಕಾಣದೆ ಮನುಷ್ಯ ನೆಟ್ಟಗೆ ನಡೆಯಲಾರ. ಎರಡು ಕೋಣೆಯ ವಿಹಾರದಲ್ಲಿ ದೀಪ ಆರಿದರೆ ಅದು ಅಂತ್ಯವಿಲ್ಲದ ಗುಹೆಯಾಗುವುದಕ್ಕೆ ಇಷ್ಟು ಸಾಕು. ಒಬ್ಬರನ್ನೊಬ್ಬರು ಹಿಡಿದುಕೊಂಡು ನಡೆದ ಕಪಿಗಳ ಜಾಣತನವನ್ನು ಇಲ್ಲಿ ಮೆಚ್ಚಲೇಬೇಕು.

ಇಂದಿನ ಸ್ಥಿತಿ

ಪಾಂಡವದರಾ, ಪೋಹಾಳೆಗಳಿಗೆ ಹೋಗುವವರಲ್ಲಿ ಪನ್ಹಾಳದಿಂದ ವಿಶಾಳಗಡದ ದಾರಿಯ ಪಾವನಖಿಂಡಿಯ ಕಡೆ ಮಳೆಗಾಲದಲ್ಲಿ ಕಾಲ್ನಡಿಗೆಯಲ್ಲಿ ಸಾಗುವ ಚಾರಣಿಗರೇ ಹೆಚ್ಚು. ಜೋತಿಬಾನಿಗೆ ಚೈತ್ರದ ಹುಣ್ಣಿಮೆಗೆ ಗುಲಾಲು ಎರಚುತ್ತ ಲಕ್ಷಾಂತರ ಜನ ಬರುತ್ತಾರೆ, ಗಡಿಯಾಚೆಯ ಬೆಳಗಾವಿ ಕಡೆಯವರೂ ಸಾಸನಕಾಠಿ ಎಂಬ ಎತ್ತರದ ಕೋಲುಗಳನ್ನು ಹೊತ್ತವರೊಡನೆ ಬೆರೆಯುತ್ತಾರೆ. ಅಲ್ಲಿಂದ ಹತ್ತಿರದಲ್ಲೇ ಇರುವ ಬೌದ್ಧ ವಿಹಾರದತ್ತ ತಿರುಗುವವರು ವಿರಳ. ಆಳತೆಯ ಗುಡ್ಡ ತುಂಬುವುದು ಶ್ರಾವಣದಲ್ಲಿ. ಆಂಬೋಲಿಯ ಗುಹೆಗೆ ಮಳೆಗಾಲದಲ್ಲಿ ಕಾಲಿಡಲಾಗುವುದಿಲ್ಲ, ಬೇಸಿಗೆಯಲ್ಲಿ ಬಾಗಿಲಿನವರೆಗೆ ಹೋಗಬಹುದು. ಕೊಳದ ಮೀನು ಹಿಡಿಯುವುದು ಈಗ ನಿಷಿದ್ಧ.